ಬದುಕಿದ್ದ ತಂದೆಯ ಅಂತ್ಯಕ್ರಿಯೆ: ಮೈಕೇಲ್ ಚೆಕಾಫನ ಕಥೆಯೊಂದರ ಮರುಪರಿಶೀಲನೆ

ನಟನಾ ಶಿಬಿರಗಳಲ್ಲಿ ರಷ್ಯದ ನಟ ಮೈಕೇಲ್ ಚೆಕಾಫನ ಹೆಸರು ಬಂದರೆ ಹಿಂದೆಯೇ ಒಂದು ಕಥೆಯೂ ಬರುತ್ತದೆ. ಸ್ವಂತ ಬಾಳಿನ ತೀವ್ರ ಗಳಿಗೆಯೊಂದನ್ನು ನೆನಪಿನಿಂದ ಎತ್ತಿ ಅಭಿನಯಿಸು ಎಂದು ಅವನ ಗುರು ಸ್ಟಾನಿಸ್ಲಾವ್‌ಸ್ಕಿ ಹೇಳಿದ. ಚೆಕಾಫ್ ತನ್ನ ತಂದೆಯ ಅಂತ್ಯಕ್ರಿಯೆಯನ್ನು ಅಭಿನಯಿಸಿದ. ಗುರು ಮೆಚ್ಚಿ ಅಪ್ಪಿಕೊಂಡ. ತಂದೆ ಬದುಕಿಯೇ ಇದ್ದಾನೆಂದು ಆಮೇಲೆ ತಿಳಿಯಿತು. ಕಲ್ಪನೆ ಅತಿಯಾಯಿತೆಂದು ಶಿಷ್ಯನನ್ನು ತರಗತಿಯಿಂದ ಕೈಬಿಟ್ಟ. ಇದನ್ನು ಹೇಳುವವರು ಎಳೆಯುವ ತೀರ್ಮಾನವೂ ಸಿದ್ಧವಾಗಿಯೇ ಇರುತ್ತದೆ: ಸ್ಟಾನಿಸ್ಲಾವ್‌ಸ್ಕಿಯದು ನೆನಪಿನ ದಾರಿ, ಚೆಕಾಫನದು ಕಲ್ಪನೆಯ ದಾರಿ, ಗುರುಶಿಷ್ಯರು ಅಲ್ಲಿಂದಲೇ ಬೇರೆಯಾದರು.

ಕಥೆಯನ್ನು ಸುಳ್ಳೆನ್ನುವುದು ನನ್ನ ಉದ್ದೇಶವಲ್ಲ. ಅದು ನಡೆದದ್ದೇ ಎಂದು ಒಪ್ಪಿಕೊಂಡೇ ಹೊರಡೋಣ. ಹಾಗೆ ಒಪ್ಪಿದಾಗಲೇ ಈ ತೀರ್ಮಾನ ನಿಲ್ಲುವುದಿಲ್ಲ.

ಮೊದಲು ಕಾಲದ ಲೆಕ್ಕ. ಚೆಕಾಫ್ ಮಾಸ್ಕೋ ಆರ್ಟ್ ಥಿಯೇಟರ್ ಸೇರಿದ್ದು 1912ರಲ್ಲಿ. ಅವನ ತಂದೆ, ಅಂದರೆ ನಾಟಕಕಾರ ಆಂಟನ್ ಚೆಕಾಫನ ಅಣ್ಣ ಅಲೆಕ್ಸಾಂಡರ್, ತೀರಿಕೊಂಡದ್ದು 1913ರ ಮೇ ತಿಂಗಳಲ್ಲಿ. ತಂದೆ ಬದುಕಿದ್ದಾಗಲೇ ಈ ಅಭಿನಯ ನಡೆದಿದ್ದರೆ ಅದಕ್ಕೆ ಉಳಿಯುವ ಅವಧಿ ಹೆಚ್ಚೆಂದರೆ ಒಂದು ವರ್ಷ. ಕಥೆ ಹೇಳುವವರಲ್ಲಿ ಈ ಎರಡು ಇಸವಿಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡುವವರು ಕಡಿಮೆ. ತರಗತಿಯಲ್ಲಿ ಕಲ್ಪಿಸಿಕೊಂಡ ಸಾವು ತಿಂಗಳುಗಳಲ್ಲೇ ಮನೆಯಲ್ಲಿ ನಿಜವಾಗಿ ನಡೆಯಿತು.

ಇನ್ನೂ ಮುಖ್ಯವಾದದ್ದು ಬಾಯಿಂದ ಬಾಯಿಗೆ ಬರುತ್ತ ಕಳೆದುಹೋಗಿರುವ ಒಂದು ವಿಶೇಷಣ. ಕಥೆಯ ತುಂಬು ರೂಪದಲ್ಲಿ ತಂದೆ ಬರೀ 'ಬದುಕಿದ್ದ ತಂದೆ' ಅಲ್ಲ, 'ಕಾಯಿಲೆ ಬಿದ್ದಿದ್ದ ತಂದೆ'. ನಡೆಯದ ಘಟನೆಯೊಂದನ್ನು ಸುಮ್ಮನೆ ಹೊಸೆದು ಗುರುವನ್ನು ಏಮಾರಿಸಿದ ಚತುರ ಹುಡುಗನ ಚಿತ್ರ ಈ ಒಂದು ಮಾತಿನಿಂದಲೇ ಒಡೆದುಹೋಗುತ್ತದೆ. ಅಲ್ಲಿ ನಿಂತು ಅತ್ತವನು, ಅಪ್ಪ ಹೋಗಿಬಿಟ್ಟರೆ ಏನು ಗತಿ ಎಂಬ ಅಂಜಿಕೆಯನ್ನು ಹೊತ್ತಿದ್ದ ಇಪ್ಪತ್ತೊಂದರ ಆಸುಪಾಸಿನ ಮಗ. ಅಂಜಿಕೆ ನೆನಪೋ, ಕಲ್ಪನೆಯೋ? ಮುಂದೆ ಆಗಬಹುದಾದದ್ದನ್ನು ಕಾಣುವ ಮಟ್ಟಿಗೆ ಕಲ್ಪನೆ. ಆಗಲೇ ಅನುಭವಿಸುತ್ತಿರುವ ಸಂಕಟವಾದ್ದರಿಂದ ಅನುಭವ. ನೆನಪು ಮತ್ತು ಕಲ್ಪನೆಯ ನಡುವೆ ಗೋಡೆ ಎಬ್ಬಿಸಲು ಬಳಸುವ ಪ್ರಸಂಗವೇ ಆ ಗೋಡೆಗೆ ಜಾಗ ಕೊಡುತ್ತಿಲ್ಲ. ವಿಶೇಷಣವನ್ನು ಬಿಟ್ಟು ಕಥೆ ಹೇಳುವುದು ಸಂಕ್ಷೇಪವಲ್ಲ, ಸಾಕ್ಷ್ಯವನ್ನು ತಿರುಚಿದಂತೆ.

'ಕೈಬಿಟ್ಟ' ಎಂಬ ಮಾತನ್ನೂ ಅಳತೆಗೆ ಮೀರಿ ಹಿಗ್ಗಿಸಲಾಗಿದೆ. 1913ರಲ್ಲಿ ಬೊಲೆಸ್ಲಾವ್‌ಸ್ಕಿ ನಿರ್ದೇಶಿಸಿದ, ಆರ್ಟ್ ಥಿಯೇಟರಿನದೇ ಅಂಗವಾದ ಫಸ್ಟ್ ಸ್ಟುಡಿಯೋದ ಮೊದಲ ಪ್ರಯೋಗದಲ್ಲೇ ಚೆಕಾಫ್ ಕೋಬೆಯ ಪಾತ್ರ ಮಾಡಿದ. 1921ರಲ್ಲಿ ಗೊಗೊಲ್‌ನ 'ಇನ್ಸ್‌ಪೆಕ್ಟರ್ ಜನರಲ್' ಆಡಿಸುವಾಗ ಖ್ಲೆಸ್ತಕೋವ್ ಪಾತ್ರವನ್ನು ಸ್ಟಾನಿಸ್ಲಾವ್‌ಸ್ಕಿಯೇ ಅವನಿಗೆ ಕೊಟ್ಟ. ಶಿಷ್ಯನ ಕಲ್ಪನೆಯನ್ನು ರೋಗವೆಂದು ಬಗೆದ ಗುರು ಅಂಥ ಪಾತ್ರವನ್ನು ಅವನ ಕೈಗಿಡುತ್ತಿದ್ದನೆ?

ಹಾಗಾದರೆ ಕಥೆ ಇಷ್ಟು ಉಬ್ಬಿದ್ದು ಎಲ್ಲಿ? ಅಮೆರಿಕದಲ್ಲಿ ಎಂಬುದು ನನ್ನ ಊಹೆ. ಸ್ವಂತ ನೆನಪಿನಿಂದ ಭಾವವನ್ನು ಎಬ್ಬಿಸುವ ಈ ಭಾವಸ್ಮರಣೆಯ ಪಾಠವನ್ನು ಬೊಲೆಸ್ಲಾವ್‌ಸ್ಕಿ ಮತ್ತು ಮರಿಯಾ ಔಸ್ಪೆನ್‌ಸ್ಕಾಯಾ 1920ರ ದಶಕದಲ್ಲಿ ಅಲ್ಲಿಗೆ ಒಯ್ದರು. ಲೀ ಸ್ಟ್ರಾಸ್‌ಬರ್ಗ್ ಅದನ್ನೇ ತನ್ನ ಪದ್ಧತಿಯ ನಡುಗಂಬ ಮಾಡಿಕೊಂಡ. ಆ ಪದ್ಧತಿಯ ವಿರೋಧಿಗಳಿಗೆ ಈ ಕಥೆ ಹೇಳಿಮಾಡಿಸಿದ ಆಯುಧ. (ಸ್ಟ್ರಾಸ್‌ಬರ್ಗ್ ಪಂಥದ ಬಗ್ಗೆ ನನಗೂ ಒಲವಿಲ್ಲ. ಆದರೆ ಎದುರಾಳಿಯನ್ನು ಸೋಲಿಸಲೆಂದು ಅರ್ಧ ಸಾಕ್ಷ್ಯ ಬಳಸುವವರ ಜೊತೆ ನಿಲ್ಲಲಾರೆ.)

ಸ್ಟಾನಿಸ್ಲಾವ್‌ಸ್ಕಿಯೊಡನೆ ಚೆಕಾಫನಿಗೆ ಭಿನ್ನಮತ ಇದ್ದದ್ದು ನಿಜ. 1928ರಲ್ಲಿ ದೇಶ ಬಿಟ್ಟ ಅವನು ಮುಂದೆ ಬರ್ಲಿನ್ನಿನಲ್ಲಿ ಗುರುವನ್ನು ಕಂಡು ಇದೇ ವಿಷಯಕ್ಕೆ ವಾದಿಸಿದ. ಡಾರ್ಟಿಂಗ್‌ಟನ್ನಿನಲ್ಲಿ, ಆಮೇಲೆ ಹಾಲಿವುಡ್ಡಿನಲ್ಲಿ ಪಾಠ ಹೇಳುವಾಗಲೂ ಕಲ್ಪನೆಗೇ ಮೊದಲ ಸ್ಥಾನ ಕೊಟ್ಟ. ಆದರೆ ಅವನು ನಿರಾಕರಿಸಿದ್ದು ಅನುಭವವನ್ನಲ್ಲ, ಹಸಿ ಅನುಭವವನ್ನು. ಸ್ವಂತ ದುಃಖ ಮನಸ್ಸಿನ ತಳದಲ್ಲಿ ಕರಗಿ, ನನ್ನದೆಂಬ ಹಟ ಕಳೆದುಕೊಂಡ ಮೇಲೆ ಮಾತ್ರ ರಂಗಕ್ಕೆ ಒದಗುತ್ತದೆ ಎಂಬುದು ಅವನ ನಿಲುವು. ತೀನಂಶ್ರೀ ಅವರ 'ಭಾರತೀಯ ಕಾವ್ಯಮೀಮಾಂಸೆ' ಓದಿದವರಿಗೆ ಇಲ್ಲಿ ಸಾಧಾರಣೀಕರಣ, ಅಂದರೆ ಒಬ್ಬನ ಭಾವ ಅವನದೆಂಬುದನ್ನು ಕಳೆದುಕೊಂಡು ಎಲ್ಲರದಾಗುವ ಬಗೆ, ನೆನಪಾದರೆ ಆಶ್ಚರ್ಯವಿಲ್ಲ. ಆದರೂ ಎರಡೂ ಒಂದೇ ಎನ್ನುವ ಆತುರ ನನಗಿಲ್ಲ: ನಮ್ಮ ಮೀಮಾಂಸಕರಿಗೆ ಮುಖ್ಯನಾದವನು ಸಹೃದಯ, ಚೆಕಾಫನಿಗೆ ನಟ.

ಅವನ ಕಲ್ಪನೆಗೆ ಸಾಕ್ಷಿ ಬೇಕಾದವರು ಆ ತರಗತಿಯನ್ನು ಬಿಟ್ಟು 1914ರ ಪ್ರಯೋಗವೊಂದನ್ನು ನೋಡಬೇಕು. ಡಿಕನ್ಸ್‌ನ ಕಥೆಯಿಂದ ಫಸ್ಟ್ ಸ್ಟುಡಿಯೋ ಕಟ್ಟಿದ 'ಕ್ರಿಕೆಟ್ ಆನ್ ದ ಹಾರ್ತ್' ನಾಟಕದಲ್ಲಿ ಚೆಕಾಫನದು ಗೊಂಬೆ ಮಾಡುವ ಬಡ ಮುದುಕ ಕೇಲೆಬ್‌ನ ಪಾತ್ರ. ಕುರುಡಿ ಮಗಳಿಗೆ ನೋವಾಗದಿರಲೆಂದು, ತಾವಿರುವ ಮುರುಕು ಮನೆಯನ್ನು ಚೆಂದದ ಮನೆಯೆಂದೇ ಬಣ್ಣಿಸುತ್ತ ಬಂದ ತಂದೆ ಈ ಕೇಲೆಬ್. ಆ ಮುದಿ ತಂದೆಯನ್ನು ಅಭಿನಯಿಸಿದಾಗ ಚೆಕಾಫನಿಗೆ ಇಪ್ಪತ್ತಮೂರು. ತನ್ನ ತಂದೆ ತೀರಿಕೊಂಡು ಒಂದೂವರೆ ವರ್ಷವಾಗಿತ್ತು.