ಹುಳುಮನೆಯ ಕಸಬರಿಗೆ

ಕರ್ನಾಟಕದ ರೇಷ್ಮೆಯ ಕಥೆಯನ್ನು ಟಿಪ್ಪುವಿನಿಂದ ಶುರುಮಾಡಿ ತಳಿಗಳ ಹೆಸರಿನಲ್ಲಿ ಮುಗಿಸುವುದು ವಾಡಿಕೆ. ಆ ಕಥೆಯಲ್ಲಿ ಕಸಬರಿಗೆಗೆ, ಅಂದರೆ ಶುಚಿತ್ವಕ್ಕೆ, ಜಾಗವೇ ಇಲ್ಲ. ಹುಳುವನ್ನು ಉಳಿಸಿದ್ದು ಮಾತ್ರ ಅದೇ. ಹುಳುವಿಗೆ ತಗಲುವ ಗಂಟುರೋಗದಿಂದ ಫ್ರಾನ್ಸಿನ ರೇಷ್ಮೆ ನೆಲಕಚ್ಚಿದಾಗ, 1865ರಲ್ಲಿ ಅದರ ಬೆನ್ನುಹತ್ತಿದ ಲೂಯಿ ಪಾಸ್ಚರ್ ಕೊಟ್ಟದ್ದು ಔಷಧಿಯಲ್ಲ. ಮೊಟ್ಟೆಯಿಟ್ಟ ತಾಯಿಚಿಟ್ಟೆಯನ್ನು ಅರೆದು ಸೂಕ್ಷ್ಮದರ್ಶಕದಲ್ಲಿ ನೋಡಿ, ರೋಗವಿದ್ದರೆ ಮೊಟ್ಟೆ ನಾಶಮಾಡಿ ಎಂದ. ನಮ್ಮ ಬಿತ್ತನೆ ಕೋಠಿಗಳಲ್ಲಿ ಇಂದಿಗೂ ನಡೆಯುವುದು ತಾಯಿಚಿಟ್ಟೆಯ ಪರೀಕ್ಷೆಯೇ. ಹುಳುವಿನ ಇನ್ನೊಂದು ಕಾಯಿಲೆಯಾದ ಹಾಲುರೋಗಕ್ಕಂತೂ ಮದ್ದಿಲ್ಲ; ಬೆಳೆಗೆ ಮುಂಚೆ ಬ್ಲೀಚಿಂಗ್ ಪೌಡರಿನ ನೀರು, ಹಾಸಿಗೆಗೆ ಸುಣ್ಣ, ಹಿಕ್ಕೆ ತೆಗೆಯುವುದು, ಸತ್ತ ಹುಳುವನ್ನು ಹೂಳುವುದು, ಇಷ್ಟೇ.

ಇಳುವರಿ ಏರಿದ್ದು ತಳಿಯಿಂದಲ್ಲವೇ ಎಂದರೆ, ಹೌದು. ಆದರೆ ದ್ವಿತಳಿ ಹುಳು ಮೈಸೂರು ತಳಿಗಿಂತ ನಾಜೂಕು. ನಡುಮನೆ ಬಿಟ್ಟು ಅದಕ್ಕೆಂದೇ ಬೇರೆ ಮನೆ ಕಟ್ಟಬೇಕಾಯಿತು. 1980ರಲ್ಲಿ ಬಂಗಾಳದಿಂದ ಬಂದ, ಹುಳುವನ್ನು ಕಾಡುವ ಊಜಿ ನೊಣಕ್ಕೆ ಅಡ್ಡನಿಂತದ್ದೂ ಕಿಟಕಿಯ ನೈಲಾನ್ ಪರದೆ. ಕಾನಹೊಸಹಳ್ಳಿ, ಕೂಡ್ಲಿಗಿಯಂಥ ಒಣಸೀಮೆಯ ಬಿಸಿಲೇ ರೋಗಾಣುವನ್ನು ಕೊಲ್ಲುತ್ತದೆ ಎನ್ನುವವರೂ ಇದ್ದಾರು. ಬಿಸಿಲು ಖಾಲಿ ತಟ್ಟೆ, ಗೂಡು ಕಟ್ಟಿಸುವ ಚಂದ್ರಿಕೆಗಳಿಗೆ ಒಳ್ಳೆಯದು, ಹುಳುವಿಗಲ್ಲ: ಬಲಿತ ಹುಳುವಿಗೆ ಬೇಕಾದದ್ದು 24-25 ಡಿಗ್ರಿ ಸೆಲ್ಸಿಯಸ್.