ಸಾಲೋಟಗಿಯ ಸಾಲೆ: ಕಟ್ಟಿಸಿದವನು ಮಂತ್ರಿ, ನಡೆಸಿದ್ದು ಊರು

ಇಂಡಿ ತಾಲೂಕಿನ ಸಾಲೋಟಗಿ ಅಂದಕೂಡಲೇ ವಿಜಯಪುರ ಸೀಮೆಯ ಮಂದಿಗೆ ಶಿವಯೋಗೀಶ್ವರನ ಗುಡಿ ನೆನಪಾಗುತ್ತದೆ. ಶಾಸನ ಓದುವವರಿಗೆ ನೆನಪಾಗೋದು ಒಂದು ಕಂಬ. 1872ರಲ್ಲಿ ‘ಇಂಡಿಯನ್ ಆಂಟಿಕ್ವೆರಿ’ಯ ಮೊದಲ ಸಂಪುಟದಲ್ಲೇ ಈ ಕಂಬದ ಬರಹ ಅಚ್ಚಾಯಿತು. ಮುಂದೆ ಕೀಲ್‌ಹಾರ್ನ್ ಮತ್ತು ಎಚ್. ಕೃಷ್ಣಶಾಸ್ತ್ರಿಗಳು ‘ಎಪಿಗ್ರಾಫಿಯಾ ಇಂಡಿಕಾ’ದ 4ನೆಯ ಸಂಪುಟದಲ್ಲಿ ಮತ್ತೆ ಸಂಪಾದಿಸಿದರು.

ಕಂಬದ ಮುಖ್ಯ ಶಾಸನ ಸಂಸ್ಕೃತದಲ್ಲಿದೆ, ಲಿಪಿ ನಾಗರಿ. ಕಾಲ ಶಕ 867, ಅಂದರೆ ಕ್ರಿ.ಶ. 945. ಮಾನ್ಯಖೇಟದಿಂದ ರಾಷ್ಟ್ರಕೂಟ ಮೂರನೆಯ ಕೃಷ್ಣ ಆಳುತ್ತಿದ್ದ. ಅವನು ಪಟ್ಟಕ್ಕೆ ಬಂದದ್ದು 939ರಲ್ಲಿ. ತಕ್ಕೋಲಂ ಯುದ್ಧ ಇನ್ನೂ ನಾಲ್ಕು ವರ್ಷ ಮುಂದಿತ್ತು. ಅವನ ಸಂಧಿವಿಗ್ರಹಿ ನಾರಾಯಣ, ಬಿರುದು ಗಜಾಂಕುಶ. ಈತ ಪಾವಿಟ್ಟಗೆ ಎಂಬ ಊರಲ್ಲಿ ತ್ರೈಪುರುಷ ದೇವರಿಗಾಗಿ, ಅಂದರೆ ಬ್ರಹ್ಮ, ವಿಷ್ಣು, ಮಹೇಶ್ವರರಿಗಾಗಿ, ಒಂದು ಶಾಲೆ ಕಟ್ಟಿಸಿದ. ಶಾಲೆ ಅಂದರೆ ಇಲ್ಲಿ ದೊಡ್ಡ ಮಂಟಪದಂಥ ಕಟ್ಟಡ. ನಾನಾ ಜನಪದಗಳಿಂದ ಬಂದ ವಿದ್ಯಾರ್ಥಿಗಳು ಅಲ್ಲಿ ಓದುತ್ತಿದ್ದರು.

ಈ ಪಾವಿಟ್ಟಗೆಯೇ ಇವತ್ತಿನ ಸಾಲೋಟಗಿ. ‘ಶಾಲಾ ಪಾವಿಟ್ಟಗೆ’ ಎಂಬುದೇ ಸವೆದು ಸಾಲೋಟಗಿ ಆಯಿತು ಅಂತ ವಿದ್ವಾಂಸರು ಹೇಳಿದ್ದು ನನಗೂ ಒಪ್ಪಿಗೆ. ಪಕಾರ ಹಕಾರವಾಗುವುದು ನಮ್ಮ ಭಾಷೆಯ ಹಳೇ ಚಾಳಿ: ಪಾಲು ಹಾಲಾಯಿತು, ಪಾವು ಹಾವಾಯಿತು. ಆ ಹಕಾರವೂ ಬಾಯಲ್ಲಿ ನಿಲ್ಲದೆ ಹೋಗಿರಬೇಕು. ಕೊನೆಯ ‘ಗೆ’ ಈ ಕಡೆ ‘ಗಿ’ ಆಗುವುದಂತೂ ದಿನಾ ಕೇಳುವ ಮಾತು. ಕಟ್ಟಡ ಬಿದ್ದರೂ ಊರಿನ ಹೆಸರಿನಲ್ಲಿ ಸಾಲಿ ಉಳಿದಿದೆ.

ಈ ಶಾಸನದ ಬಗ್ಗೆ ಬರೆಯುವವರು ಬಹುಪಾಲು ‘ಮೂರನೆಯ ಕೃಷ್ಣನ ಕಾಲದ ವಿಶ್ವವಿದ್ಯಾಲಯ’ ಎಂದು ಹೇಳಿ ಮುಗಿಸಿಬಿಡುತ್ತಾರೆ. ನನಗೆ ತಕರಾರು ಇರೋದು ಇಲ್ಲೇ. ಮಂತ್ರಿ ಕಟ್ಟಡ ಕಟ್ಟಿಸಿದ, ಸರಿ. ದಿನನಿತ್ಯದ ಖರ್ಚು ಯಾರದು? ಶಾಸನ ಸ್ಪಷ್ಟವಾಗಿಯೇ ಹೇಳುತ್ತದೆ: ಊರೊಡೆಯ ಚಕ್ರಾಯುಧ ಇನ್ನೂರು ಮಂದಿ ಬ್ರಾಹ್ಮಣರ ಜೊತೆ ಸೇರಿ ಸೂರ್ಯಗ್ರಹಣದ ಹೊತ್ತಿಗೆ ದಾನ ಕೊಟ್ಟ. ವಿದ್ಯಾರ್ಥಿಗಳಿಗಾಗಿ 500 ನಿವರ್ತನ ಹೊಲ. ವಾಸಕ್ಕೆ 27 ಮನೆ. ದೀಪಕ್ಕೆಂದೇ 12 ನಿವರ್ತನ, ಹೂದೋಟಕ್ಕೆ 4. ಪಾಠ ಹೇಳುವ ಗುರುವಿಗೆ 50 ನಿವರ್ತನ ಮತ್ತು ಒಂದು ಮನೆ. ನಿವರ್ತನದ ಅಳತೆ ಊರಿಂದ ಊರಿಗೆ ಬೇರೆಯಾದ್ದರಿಂದ ಎಕರೆ ಲೆಕ್ಕಕ್ಕೆ ನಾನು ಕೈಹಾಕುವುದಿಲ್ಲ. ಆದರೆ ಗುರುವಿನ ಪಾಲಿನ ಸುಮಾರು ಕಾಲುಭಾಗದಷ್ಟು ಹೊಲ ಬರೀ ದೀಪಕ್ಕೆ! ರಾತ್ರಿಯೂ ಓದು ನಡೀತಿತ್ತು ಅಂತ ಊಹಿಸಿದರೆ ತಪ್ಪಾಗಲಾರದು.

ಇದಕ್ಕಿಂತ ನನಗೆ ಹೆಚ್ಚು ಹಿಡಿಸಿದ್ದು ಮುಂದಿನ ಕಟ್ಟಳೆ. ಊರ ಬ್ರಾಹ್ಮಣರ ಮನೆಯಲ್ಲಿ ಲಗ್ನವಾದರೆ ಐದು ‘ಪುಷ್ಪ’, ಮುಂಜಿಗೆ ಎರಡೂವರೆ, ಚೌಲಕ್ಕೆ ಒಂದೂಕಾಲು ಕೊಡಬೇಕು. ಒಂದೂಕಾಲು ಹೂವು ಯಾರೂ ಎಣಿಸಿ ಕೊಡಲಾರರು. ಆದ್ದರಿಂದ ಪುಷ್ಪ ಅಂದರೆ ಇಲ್ಲಿ ಹಣವೇ. ಚೌಲ ಅಂದರೆ ಈ ಸೀಮೆಯವರು ಇವತ್ತಿಗೂ ಮಾಡುವ ಜಾವಳ. ಮನೆಯಲ್ಲಿ ಊಟ ಹಾಕಿಸುವ ಪ್ರಸಂಗ ಬಂದರೆ ಶಾಲೆಯ ಪರಿಷತ್ತಿಗೂ ಕೈಲಾದಷ್ಟು ಉಣಬಡಿಸಬೇಕು ಅಂತಲೂ ಇದೆ. ‘ಕೈಲಾದಷ್ಟು’ ಎಂಬ ಆ ಸಡಿಲಿಕೆ ನೋಡಿ, ಬಡವನ ಮನೆಯ ಊಟವನ್ನೂ ಲೆಕ್ಕಕ್ಕೆ ಹಿಡಿದವರ ಮಾತು ಅದು.

ಹಾಗಂತ ಇದನ್ನು ಎಲ್ಲರಿಗೂ ತೆರೆದ ಶಾಲೆ ಅಂತ ಕೊಂಡಾಡಲಾಗದು. ಕೊಟ್ಟವರೂ ಅಗ್ರಹಾರದವರು, ಕಲಿತದ್ದೂ ಆ ವಲಯದ ವಿದ್ಯೆ. ಐನೂರು ನಿವರ್ತನ ಹೊಲ ಉತ್ತವರ ಹೆಸರು ಕಲ್ಲಿನಲ್ಲಿ ಇಲ್ಲ. ದೀಪಕ್ಕೆ ಎಣ್ಣೆ ಹಿಂಡಿದವರೂ ಇಲ್ಲ. ಸಾಲೋಟಗಿ ಒಂದರ ಮಾತಲ್ಲ ಇದು, ದಾನಶಾಸನಗಳ ರೂಢಿಯೇ ಹಾಗೆ. ಆದರೆ ಓದುವಾಗ ಮರೆಯಬಾರದು.

ವಿಶ್ವವಿದ್ಯಾಲಯ ಅನ್ನೋ ಮಾತಿಗೆ ನಾಗಾವಿಯನ್ನು ಪಕ್ಕಕ್ಕಿಟ್ಟು ನೋಡಬೇಕು. ಅಲ್ಲಿನ 1058ರ ಶಾಸನ ವೇದ ಓದುವವರು 200, ಶಾಸ್ತ್ರ ಓದುವವರು 50 ಎಂದು ಎಣಿಸಿ ಹೇಳುತ್ತದೆ. ಆರು ಮಂದಿ ಸರಸ್ವತೀ ಭಂಡಾರಿಗರೂ ಇದ್ದಾರೆ. ಸಾಲೋಟಗಿಯ ಕಂಬದಲ್ಲಿ ಇಂಥ ತಲೆಯೆಣಿಕೆ ಇಲ್ಲ. 27 ಮನೆಗಳನ್ನು 27 ಹಾಸ್ಟೆಲ್ ಅಂತ ಓದಿ ಅದರ ಮೇಲೆ ಸಾವಿರಾರು ವಿದ್ಯಾರ್ಥಿಗಳನ್ನು ಕೂರಿಸುವುದು ಅಭಿಮಾನದ ಲೆಕ್ಕ, ಶಾಸನದ್ದಲ್ಲ.

ಅದೇ ಕಂಬದ ಮೇಲೆ ಹಳಗನ್ನಡದ ಬರಹವೂ ಇದೆ. ಅದರಲ್ಲಿ ಬರುವವನು ಸೆಲಾರ, ಅಂದರೆ ಶಿಲಾಹಾರ, ಕುಲದ ಕಂಚಿಗ. ರಾಜವಂಶ ಬದಲಾದರೂ ಹೊಸಬರು ತಮ್ಮ ದತ್ತಿಯನ್ನು ಕೊರೆಸಲು ಹುಡುಕಿದ್ದು ಹಳೇ ಕಂಬವನ್ನೇ, ಈ ಸಲ ಊರ ಮಂದಿಗೆ ತಿಳಿಯುವ ಕನ್ನಡದಲ್ಲಿ.