ಕಡಲ ಮೇಲಣ ಕೂಲಿ

2021ನೆಯ ಇಸವಿ ಮಾರ್ಚಿ ತಿಂಗಳ 23ನೆಯ ತಾರೀಖು ಸೂಯೆಜ್ ಕಾಲುವೆಯಲ್ಲಿ ‘ಎವರ್ ಗಿವನ್’ ಎಂಬ ಹಡಗು ಧೂಳುಗಾಳಿ ಬೀಸುತ್ತಿದ್ದ ಹೊತ್ತಿನಲ್ಲಿ ದಡಕ್ಕೆ ಮೂತಿಯನ್ನು ಚುಚ್ಚಿಕೊಂಡು ಅಡ್ಡಲಾಗಿ ನಿಂತುಹೋದ ಸಂಗತಿ ಬಹುಮಂದಿಗೆ ನೆನಪಿರಬಹುದು. 400 ಮೀಟರು ಉದ್ದದ ಆ ಹಡಗು ಆರು ದಿನಗಳ ಪರ್ಯಂತ ಅಲ್ಲಿಯೇ ಸಿಕ್ಕಿಕೊಂಡಿದ್ದಿತು. ಅದರ ಹಿಂದೆಯೂ ಮುಂದೆಯೂ 300ಕ್ಕೂ ಮಿಕ್ಕ ಹಡಗುಗಳು ದಾರಿಯನ್ನು ಕಾಯುತ್ತ ನಿಂತವು. ಲೋಕದ ಪತ್ರಿಕೆಗಳೆಲ್ಲವೂ ಅದರ ಚಿತ್ರವನ್ನು ಅಚ್ಚು ಹಾಕಿದವು. ಹಡಗು ಯಾರದು ಎಂದು ವಿಚಾರಿಸಿದವರಿಗೆ ಮಾತ್ರ ಒಂದೇ ಮಾತಿನ ಉತ್ತರ ದೊರೆಯಲಿಲ್ಲ. ಒಡೆತನ ಜಪಾನಿನ ಒಂದು ಕಂಪೆನಿಯದು. ಬಾಡಿಗೆಗೆ ಪಡೆದು ವ್ಯಾಪಾರ ನಡಸುತ್ತಿದ್ದವರು ತೈವಾನಿನವರು. ದಿನವಹಿ ಮೇಲ್ವಿಚಾರಣೆ ಜರ್ಮನ್ ಕಂಪೆನಿಯೊಂದರದು. ಹಿಂಗೋಟಿನಲ್ಲಿ ಹಾರುತ್ತಿದ್ದ ಧ್ವಜ ಪನಾಮಾ ದೇಶದ್ದು. ಹಡಗಿನಲ್ಲಿ ದುಡಿಯುತ್ತಿದ್ದ 25 ಮಂದಿಯಾದರೋ, ಅಷ್ಟು ಜನವೂ ಭಾರತೀಯರು.

ಹಡಗು ಬಿಡುಗಡೆಯಾದರೂ ಅದು ಊರಿಗೆ ಹೋಗಲಿಲ್ಲ. ನಷ್ಟಪರಿಹಾರದ ವ್ಯಾಜ್ಯ ತೀರುವವರೆಗೆ ಈಜಿಪ್ಟಿನ ಅಧಿಕಾರಿಗಳು ಅದನ್ನು ಕಹಿ ಸರೋವರವೆಂಬ ಹೆಸರಿನ ಅಗಲವಾದ ನೀರಿನಲ್ಲಿ ಜುಲೈ 7ರ ವರೆಗೆ ತಡೆದಿಟ್ಟರು; ಹಡಗಿನೊಡನೆ ಅದರ ಆಳುಗಳಲ್ಲಿ ಹೆಚ್ಚು ಮಂದಿಯೂ ತಡೆಯಲ್ಪಟ್ಟರು. ಒಂದು ಹಡಗಿನಲ್ಲಿ ನಾಲ್ಕೈದು ದೇಶಗಳ ಪಾಲು ಇರುವಾಗ ಅದರ ಆಳು ಯಾವ ದೇಶದ ಕಾಯಿದೆಗೆ ಸೇರಿದವನು? ಕಷ್ಟ ಬಂದಾಗ ಅವನು ಯಾರ ಬಾಗಿಲನ್ನು ತಟ್ಟಬೇಕು? ಈ ಪ್ರಶ್ನೆ ನಿನ್ನೆ ಮೊನ್ನೆ ಹುಟ್ಟಿದುದಲ್ಲ. ಅದರ ಮೊದಲನೆಯ ಅಧ್ಯಾಯಗಳನ್ನು ಬರೆದವರು ನಮ್ಮ ದೇಶದ ಖಲಾಸಿಗಳೇ.

ಆಂಗ್ಲೇಯರು ಇವರನ್ನು ‘ಲಸ್ಕರ್’ ಎಂದು ಕರೆದರು. ಪಾರಸಿಯಲ್ಲಿ ‘ಲಷ್ಕರ್’ ಎಂದರೆ ಸೈನ್ಯ. ಕನ್ನಡದಲ್ಲಿಯೂ ಆ ಮಾತು ಅದೇ ಅರ್ಥದಲ್ಲಿ ಬಳಕೆಯಲ್ಲುಂಟು. ಪೋರ್ಚುಗೀಸರ ಬಾಯಲ್ಲಿ ತಿರುಗಿ ಆಂಗ್ಲೇಯರ ಕಿವಿಗೆ ಬೀಳುವ ಹೊತ್ತಿಗೆ ಅದು ಏಷ್ಯಾದ ನಾವಿಕ ಎಂದಾಯಿತು. ಕಚ್ಛ, ಸೂರತ್ತು, ರತ್ನಾಗಿರಿ, ಸಿಲ್ಹೆಟ್, ನವಾಖಾಲಿ, ಚಟ್ಟಗ್ರಾಮ ಮೊದಲಾದ ಕಡೆಗಳಿಂದ ಇವರು ಬಂದರು. ಇವರದೇ ಆದ ಒಂದು ಮಿಶ್ರಭಾಷೆಯೂ ಬೆಳೆಯಿತು. ತಾಮಸ್ ರೋಬಕ್ ಎಂಬವನು 1811ರಲ್ಲಿ ಆ ಹಡಗುಭಾಷೆಗೆ ಒಂದು ನಿಘಂಟನ್ನೇ ಅಚ್ಚು ಮಾಡಿಸಿದನು. ಅದರ ಕುರುಹು ಇನ್ನೂ ಅಳಿದಿಲ್ಲ. ಯಂತ್ರದಿಂದ ಭಾರವನ್ನೆತ್ತುವ ಕಡೆ ನಮ್ಮ ಕೂಲಿಗಳು ‘ಆರಿಯಾ’ ಎಂದು ಕೂಗುವುದನ್ನು ನೀವು ಕೇಳಿದ್ದರೂ ಕೇಳಿರಬಹುದು. ಕೆಳಕ್ಕೆ ಇಳಿಸು ಎಂದು ಅದರ ಅರ್ಥ. ಮೂಲ ಪೋರ್ಚುಗೀಸು ಮಾತು. ಕಡಲನ್ನು ಕಾಣದ ಊರಿನಲ್ಲಿಯೂ ಕಡಲಿನ ಮಾತು ಹೀಗೆ ಉಳಿದುಕೊಂಡಿರುವುದು.

ಇಂಗ್ಲೆಂಡಿನ 1660ನೆಯ ನೌಕಾಯಾನದ ಶಾಸನದ ಪ್ರಕಾರ ಆಂಗ್ಲ ಹಡಗಿನ ನಾವಿಕರಲ್ಲಿ ನಾಲ್ಕರಲ್ಲಿ ಮೂರು ಪಾಲು ಆಂಗ್ಲೇಯರೇ ಇರತಕ್ಕದ್ದಾಗಿದ್ದಿತು. ಆದರೆ ಈಸ್ಟ್ ಇಂಡಿಯಾ ಕಂಪೆನಿಯ ಹಡಗುಗಳು ಇಲ್ಲಿಗೆ ಬರುವಷ್ಟರಲ್ಲಿ ಕೆಲವರು ಕಾಯಿಲೆಯಿಂದ ಸಾಯುವರು, ಕೆಲವರು ಓಡಿಹೋಗುವರು, ಯುದ್ಧಕಾಲವಾದರೆ ಉಳಿದವರನ್ನು ನೌಕಾಬಲದವರು ಬಲಾತ್ಕಾರವಾಗಿ ಹಿಡಿದುಕೊಂಡು ಹೋಗುವರು. ಆಗ ಲಸ್ಕರರನ್ನು ಏರಿಸಿಕೊಂಡು ಹಿಂದಿರುಗದೆ ಗತಿಯಿರಲಿಲ್ಲ. ಲಂಡನ್ನಿಗೆ ಮುಟ್ಟಿದ ಮೇಲೆ ಶಾಸನವು ಅಡ್ಡಬರುತ್ತಿದ್ದಿತು. ಮರುಪ್ರಯಾಣಕ್ಕೆ ಆಂಗ್ಲ ನಾವಿಕರನ್ನೇ ತೆಗೆದುಕೊಳ್ಳಬೇಕು. ಕರೆತಂದ ಲಸ್ಕರನು ಥೇಮ್ಸ್ ನದಿಯ ದಂಡೆಯ ಚಳಿಯಲ್ಲಿ ಇನ್ನೊಂದು ಹಡಗಿಗಾಗಿ ತಿಂಗಳುಗಟ್ಟಲೆ ಕಾಯಬೇಕು. ಹಸಿವಿನಿಂದಲೂ ಶೀತದಿಂದಲೂ ಅಲ್ಲಿ ಸತ್ತವರು ಅನೇಕರು. 1857ರಲ್ಲಿ ಲೈಮ್‌ಹೌಸ್ ಎಂಬ ಕಡೆ ಇಂಥವರಿಗಾಗಿ ಒಂದು ಧರ್ಮಛತ್ರ ತೆರೆಯಿತು. ಅದಕ್ಕೆ ದ್ರವ್ಯ ಕೊಟ್ಟವರಲ್ಲಿ ಪಂಜಾಬದ ರಾಜ್ಯವನ್ನು ಕಳೆದುಕೊಂಡಿದ್ದ ದುಲೀಪ್ ಸಿಂಗನೂ ಒಬ್ಬನು.

ಅದಕ್ಕೆ ಮುಂಚೆಯೇ, 1823ರಲ್ಲಿ, ಪಾರ್ಲಿಮೆಂಟು ಒಂದು ಶಾಸನವನ್ನು ಮಾಡಿದ್ದಿತು. ಬ್ರಿಟಿಷರ ಆಳ್ವಿಕೆಯ ಸೀಮೆಯಲ್ಲಿಯೇ ಹುಟ್ಟಿದವರಾಗಿದ್ದರೂ ಲಸ್ಕರರನ್ನು ಬ್ರಿಟಿಷ್ ನಾವಿಕರೆಂದು ಎಣಿಸಕೂಡದೆಂದು ಅದರಲ್ಲಿ ವಿಧಿಸಿದರು. ಅವರ ಅನ್ನವಸ್ತ್ರಗಳಿಗೂ ಅವರನ್ನು ಸ್ವದೇಶಕ್ಕೆ ಹಿಂದಿರುಗಿಸುವುದಕ್ಕೂ ಹಡಗಿನವರನ್ನು ಹೊಣೆ ಮಾಡಿದರು. ಎರಡನೆಯ ಮಾತು ಕರುಣೆಯ ಮಾತು, ಮೊದಲನೆಯದು ಹಾಗಲ್ಲ. ಊರಿಗೆ ಕಳುಹಿಸುವ ಏರ್ಪಾಡೂ ಊರೊಳಗೆ ಸೇರಿಸದಿರುವ ಏರ್ಪಾಡೂ ಒಂದೇ ಕಾಗದದಲ್ಲಿ ಹೆಣೆದುಕೊಂಡಿದ್ದುವು. ಅಲ್ಲಿಂದ ಮುಂದೆ ಒಂದು ಶತಮಾನಕ್ಕೂ ಮೇಲ್ಪಟ್ಟು ಒಂದೇ ಹಡಗಿನಲ್ಲಿ ಎರಡು ಬಗೆಯ ಕರಾರುಗಳು ನಡೆದುಬಂದವು, ಬಿಳಿಯ ನಾವಿಕನಿಗೆ ಒಂದು, ಲಸ್ಕರನಿಗೆ ಒಂದು.

ನೌಕಾಯಾನದ ಹಳೆಯ ಶಾಸನಗಳು 1849ರಲ್ಲಿ ರದ್ದಾದುವು. 1869ರಲ್ಲಿ ಸೂಯೆಜ್ ಕಾಲುವೆ ತೆರೆಯಿತು. ಹಾಯಿ ಹೋಗಿ ಹೊಗೆಹಡಗು ಬಂದಿತು. ಹಾಯಿಯ ಹಡಗಿನಲ್ಲಿ ಗಾಳಿ ಮಾಡುತ್ತಿದ್ದ ಕೆಲಸವನ್ನು ಈಗ ಹಡಗಿನ ಹೊಟ್ಟೆಯಲ್ಲಿ ಕುಳಿತ ಮನುಷ್ಯನು ಮಾಡಬೇಕಾಯಿತು. ಕಲ್ಲಿದ್ದಲನ್ನು ಗೂಡಿನಿಂದ ಹೊತ್ತು ತರುವವನೊಬ್ಬ, ಅದನ್ನು ಸಲಿಕೆಯಿಂದ ಒಲೆಗೆ ಎಸೆಯುವವನೊಬ್ಬ, ಬೂದಿಯನ್ನು ಕೆದಕಿ ಹೊರಗೆ ಹಾಕುವವನೊಬ್ಬ. ನಾಲ್ಕು ತಾಸಿಗೊಂದು ಪಾಳಿ. ಕೆಂಪು ಸಮುದ್ರದಲ್ಲಿ ಮೇಲೆ ಬಿಸಿಲು, ಕೆಳಗೆ ಬೆಂಕಿ. ತಾಪದಿಂದ ಬುದ್ಧಿಭ್ರಮೆಯಾಗಿ ಸಮುದ್ರಕ್ಕೆ ಹಾರಿಕೊಂಡವರು ಉಂಟು. ಭಾರತೀಯರ ಮೈಗೆ ಸೆಕೆ ಸಹಜವೆಂದು ಕಂಪೆನಿಗಳವರು ವಾದಿಸುತ್ತಿದ್ದರು. ಇದೇ ತರ್ಕವನ್ನು ಇನ್ನೊಂದು ದಿಕ್ಕಿಗೂ ಎಳೆದರು. ಲಸ್ಕರನು ಚಳಿಯನ್ನು ತಡೆಯಲಾರನೆಂಬ ಕಾರಣ ಹೇಳಿ, ಚಳಿಗಾಲದಲ್ಲಿ ಅಮೆರಿಕದ ಪೂರ್ವ ತೀರದಲ್ಲಿ 38ನೆಯ ಅಕ್ಷಾಂಶದಿಂದ ಉತ್ತರಕ್ಕೆ ಅವನನ್ನು ಕರೆದೊಯ್ಯಬಾರದೆಂದು ಕರಾರಿನಲ್ಲಿ ಬರೆದರು. ಬಿಳಿಯ ನಾವಿಕರ ಸಂಘದವರಿಗೂ ಈ ಗೆರೆ ಪ್ರಿಯವಾಗಿದ್ದಿತು. ಅವರಿಗಿದ್ದ ಅಂಜಿಕೆ ಲಸ್ಕರನ ಚಳಿಯದಲ್ಲ, ಅವನ ಅಗ್ಗದ ಕೂಲಿಯದು. ಆಗಿನ ನಾವಿಕ ಸಂಘಗಳನ್ನು ಬಡವರ ಬಂಧುಗಳೆಂದು ಹೊಗಳುವ ಗ್ರಂಥಕರ್ತರು ಈ ಅಕ್ಷಾಂಶವನ್ನು ಸಾಮಾನ್ಯವಾಗಿ ಮರೆತುಬಿಡುವರು.

ಕೂಲಿಯ ಲೆಕ್ಕವನ್ನು ಹೇಳುವುದಾದರೆ, ಅದೇ ಕೆಲಸಕ್ಕೆ ಬಿಳಿಯನು ಪಡೆಯುತ್ತಿದ್ದುದರ ಮೂರನೆಯ ಒಂದು ಪಾಲಿನಿಂದ ಐದನೆಯ ಒಂದು ಪಾಲಿನವರೆಗೆ ಲಸ್ಕರನಿಗೆ ಸಲ್ಲುತ್ತಿದ್ದಿತು. ಅದಾದರೂ ಪೂರ್ತಿಯಾಗಿ ಕೈಸೇರುತ್ತಿರಲಿಲ್ಲ. ಆಳುಗಳನ್ನು ಕೂಡಿಸುವವನು ಸೆರಾಂಗು. ಅವನ ಕೆಳಗೆ ಟಂಡೇಲರು. ಕೆಲಸ ಸಿಕ್ಕಬೇಕಾದರೆ ಸೆರಾಂಗನಿಗೆ ಕಾಣಿಕೆ, ಮುಂಬಯಿಯಲ್ಲಾಗಲಿ ಕಲಕತ್ತೆಯಲ್ಲಾಗಲಿ ಕಾಯುವ ದಿನಗಳಿಗೆ ಅನ್ನ ಹಾಕಿದವನಿಗೆ ಬಡ್ಡಿ. ‘ಹಡಗಿನ ವ್ಯಾಪಾರ, ಉಪ್ಪಿಗೆ ಬಡತನ’ ಎಂಬ ನಮ್ಮ ಗಾದೆ ಇವರಿಗೆಂದೇ ಹುಟ್ಟಿದಂತಿದೆ. ಆದರೆ ಸೆರಾಂಗನನ್ನು ಬರಿಯ ರಕ್ತಪಿಪಾಸುವೆಂದು ತಿಳಿಯುವುದೂ ಸರಿಯಲ್ಲ. ಅವನು ಅದೇ ಹಳ್ಳಿಯವನು, ಹಲವು ವೇಳೆ ನೆಂಟನು. ಹಡಗಿನ ಅಧಿಕಾರಿ ಕೈಯೆತ್ತಿದರೆ ನಡುವೆ ನಿಲ್ಲತಕ್ಕವನೂ ಅವನೇ. ಇಷ್ಟಾದರೂ ಜನರು ಮೇಲಿಂದ ಮೇಲೆ ಹಡಗನ್ನು ಹತ್ತುತ್ತಿದ್ದರೆ, ಊರಿನ ಹೊಲ ಅದಕ್ಕಿಂತಲೂ ಕಡಮೆ ಕೊಡುತ್ತಿದ್ದಿತೆಂದೇ ಅರ್ಥ.

ಆ ಕಾಲದಲ್ಲಿ ಬಿಳಿಯ ನಾವಿಕನೂ ಸುಖಿಯಾಗಿರಲಿಲ್ಲ. ಮಿತಿಮೀರಿ ಭಾರ ಹೇರಿದ ಹಡಗುಗಳನ್ನು ಕಡಲಿಗೆ ಬಿಟ್ಟು, ಮುಳುಗಿದರೆ ವಿಮೆಯ ಹಣವನ್ನು ಎಣಿಸಿಕೊಳ್ಳುವ ಒಡೆಯರು ಇದ್ದರು. ಸ್ಯಾಮ್ಯುಯೆಲ್ ಪ್ಲಿಮ್ಸಾಲ್ ಎಂಬ ಪಾರ್ಲಿಮೆಂಟಿನ ಸದಸ್ಯನು 1873ರಲ್ಲಿ ಒಂದು ಗ್ರಂಥವನ್ನು ಬರೆದು ಇದನ್ನು ಬಯಲಿಗೆಳೆದನು. 1875ರಲ್ಲಿ ಸಭೆಯಲ್ಲಿಯೇ ರೇಗಿ ಕೂಗಾಡಿ ದೊಡ್ಡ ಗದ್ದಲವನ್ನೆಬ್ಬಿಸಿದನು. ಮರುವರ್ಷ ಹಡಗಿನ ಪಕ್ಕದಲ್ಲಿ ಭಾರಮಿತಿಯ ಗೆರೆಯನ್ನು ಎಳೆಯತಕ್ಕದ್ದೆಂಬ ಶಾಸನ ಬಂದಿತು. ಆದರೆ ಗೆರೆ ಎಷ್ಟು ಎತ್ತರದಲ್ಲಿರಬೇಕೆಂಬುದನ್ನು ಹಡಗಿನ ಒಡೆಯನ ಇಷ್ಟಕ್ಕೇ ಬಿಟ್ಟಿದ್ದರು! ಒಬ್ಬ ಕಪ್ತಾನನು ಅದನ್ನು ಹೊಗೆಕೊಳವೆಯ ಮೇಲೆ ಬರೆಯಿಸಿದನೆಂದು ಕಥೆಯುಂಟು. 1890ರಲ್ಲಿ ಈ ಲೋಪವನ್ನು ತಿದ್ದಿದರು. ನಾವಿಕನ ಪರವಾದ ಶಾಸನಗಳೆಲ್ಲ ಬಹುಮಟ್ಟಿಗೆ ಹೀಗೆಯೇ; ಮೊದಲು ಗೆರೆ, ಅದು ಸರಿಯಾದ ಸ್ಥಳಕ್ಕೆ ಇಳಿಯುವುದಕ್ಕೆ ಇನ್ನೊಂದು ತಲೆಮಾರು.

1914ರ ಹೊತ್ತಿಗೆ ಬ್ರಿಟಿಷ್ ವ್ಯಾಪಾರದ ಹಡಗುಗಳಲ್ಲಿ ಸುಮಾರು 50 ಸಾವಿರ ಲಸ್ಕರರಿದ್ದರು. ಮೊದಲನೆಯ ಮಹಾಯುದ್ಧದಲ್ಲಿ ಅವರಲ್ಲಿ ಮೂರು ಸಾವಿರಕ್ಕೂ ಮೇಲ್ಪಟ್ಟು ಜನ ಸತ್ತರು. ಬಂಗಾಳ ಮತ್ತು ಅಸ್ಸಾಮಿನವರಾದ 896 ಮಂದಿಯ ನೆನಪಿಗಾಗಿ ಕಲಕತ್ತೆಯಲ್ಲಿ ಹೂಗ್ಲಿಯ ದಡದಲ್ಲಿ 1924ರಲ್ಲಿ ಒಂದು ಸ್ಮಾರಕವನ್ನು ಕಟ್ಟಿದರು. ಮರುವರ್ಷ, 1925ರಲ್ಲಿ, ಬ್ರಿಟನ್ ಸರಕಾರವು ಬಣ್ಣದ ಪರಕೀಯ ನಾವಿಕರೆಲ್ಲರೂ ಪೊಲೀಸಿನವರಲ್ಲಿ ಹೆಸರು ಬರೆಯಿಸಿಕೊಳ್ಳಬೇಕೆಂಬ ಆಜ್ಞೆಯನ್ನು ಹೊರಡಿಸಿತು. ತಾವು ಬ್ರಿಟಿಷ್ ಪ್ರಜೆಗಳೆಂದು ಕಾಗದ ತೋರಿಸಲಾರದ ಭಾರತೀಯರೂ ಆ ಬಲೆಗೆ ಬಿದ್ದರು.

1939ರ ಸೆಪ್ಟೆಂಬರಿನಲ್ಲಿ ಎರಡನೆಯ ಯುದ್ಧ ಹೂಡಿದಾಗ ಲಸ್ಕರರು ಸಂಬಳ ಏರಿಸಿದ ಹೊರತು ಹಡಗು ಹತ್ತುವುದಿಲ್ಲವೆಂದು ಲಂಡನ್, ಗ್ಲಾಸ್ಗೊ, ಲಿವರ್‌ಪೂಲ್ ಮೊದಲಾದ ರೇವುಗಳಲ್ಲಿ ಮುಷ್ಕರ ಹೂಡಿದರು. ನೂರಾರು ಮಂದಿಯನ್ನು ಸೆರೆಗೆ ಹಾಕಿದರು. ಆದರೂ ಸಂಬಳ ಏರಿತು. ಒಂದು ಶತಮಾನದ ಬಿನ್ನಹಗಳಿಂದ ಆಗದಿದ್ದುದು, ಹಡಗು ನಿಂತರೆ ಇಂಗ್ಲೆಂಡಿನ ಊಟ ನಿಲ್ಲುವುದೆಂಬ ಅರಿವಿನಿಂದ ಕೆಲವು ತಿಂಗಳಲ್ಲಿ ಆಯಿತು. ಮರುವರ್ಷ ಸೆಪ್ಟೆಂಬರಿನಲ್ಲಿ, ಇಂಗ್ಲೆಂಡಿನ ಮಕ್ಕಳನ್ನು ಬಾಂಬಿನಿಂದ ದೂರ ಕೆನಡಾಕ್ಕೆ ಸಾಗಿಸುತ್ತಿದ್ದ ‘ಸಿಟಿ ಆಫ್ ಬನಾರಸ್’ ಹಡಗನ್ನು ಜರ್ಮನರು ಮುಳುಗಿಸಿದರು. 77 ಮಕ್ಕಳು ಸತ್ತ ಆ ದುಃಖವನ್ನು ಇಂಗ್ಲೆಂಡು ಮರೆಯಲಿಲ್ಲ. ಅವರೊಡನೆ ಸುಮಾರು 100 ಮಂದಿ ಭಾರತೀಯ ಆಳುಗಳೂ ಸತ್ತರೆಂಬುದು ಬಹಳ ಕಾಲ ಯಾರ ಬಾಯಲ್ಲಿಯೂ ಬರಲಿಲ್ಲ. ಆ ಯುದ್ಧದಲ್ಲಿ ಒಟ್ಟು 6,600ರಷ್ಟು ಭಾರತೀಯ ವ್ಯಾಪಾರ ನಾವಿಕರು ಅಸುನೀಗಿದರು.

ಇಷ್ಟರಲ್ಲಿ ಒಡೆಯರು ಬೇರೊಂದು ಉಪಾಯವನ್ನು ಕಂಡುಕೊಂಡಿದ್ದರು. ಕಡಲಿನಲ್ಲಿ ಹಡಗಿಗೆ ಅದು ಹಾರಿಸುವ ಧ್ವಜದ ದೇಶದ ಕಾಯಿದೆಯೇ ಕಾಯಿದೆ. 1922ರಲ್ಲಿ ಎರಡು ಅಮೆರಿಕನ್ ಹಡಗುಗಳು ತಮ್ಮ ದೇಶದ ಪಾನನಿರೋಧದಿಂದ ತಪ್ಪಿಸಿಕೊಳ್ಳುವುದಕ್ಕಾಗಿ ಪನಾಮಾದ ಧ್ವಜವನ್ನು ಏರಿಸಿದವು. ಪ್ರಯಾಣಿಕರಿಗೆ ಮದ್ಯ ಮಾರುವುದಕ್ಕೆಂದು ತೆರೆದ ಬಾಗಿಲು ಕೂಲಿಗೂ ತೆರಿಗೆಗೂ ಅನುಕೂಲವೆಂದು ಬೇಗನೆ ತಿಳಿಯಿತು. 1948ರಲ್ಲಿ ಲೈಬೀರಿಯವೂ ಇಂಥದೇ ದಫ್ತರವನ್ನು ತೆರೆಯಿತು. ಈಗ ಲೈಬೀರಿಯ, ಪನಾಮಾ, ಮಾರ್ಷಲ್ ದ್ವೀಪಗಳು ಎಂಬ ಮೂರು ಧ್ವಜಗಳ ಕೆಳಗೆ ಲೋಕದ ಹಡಗುಗಳ ಭಾರಶಕ್ತಿಯಲ್ಲಿ ಐದರಲ್ಲಿ ಎರಡು ಪಾಲಿಗೂ ಮಿಕ್ಕುದು ಸೇರಿದೆ. ಹಿಂದೆ ಆಳನ್ನು ಕಾಯಿದೆಯ ಹೊರಗೆ ನಿಲ್ಲಿಸುತ್ತಿದ್ದರು. ಈಗ ಹಡಗನ್ನೇ ಎತ್ತಿ ಕಾಯಿದೆಯ ಹೊರಗೆ ನಿಲ್ಲಿಸಿದಂತಾಯಿತು. ಒಳಗಿರುವ ಆಳು ತಾನಾಗಿ ಹೊರಗಾದನು.

ಇನ್ನೊಂದು ಮಾರ್ಪಾಟು ಪೆಟ್ಟಿಗೆಯಿಂದ ಬಂದಿತು. ಮಾಲ್ಕಮ್ ಮೆಕ್ಲೀನ್ ಎಂಬ ಅಮೆರಿಕದ ಲಾರಿ ಮಾಲೀಕನು 1956ನೆಯ ಏಪ್ರಿಲ್ 26ರಂದು ‘ಐಡಿಯಲ್ ಎಕ್ಸ್’ ಎಂಬ ಹಡಗಿನಲ್ಲಿ 58 ಲೋಹದ ಪೆಟ್ಟಿಗೆಗಳನ್ನು ನೆವಾರ್ಕಿನಿಂದ ಹ್ಯೂಸ್ಟನ್ನಿಗೆ ಕಳುಹಿಸಿದನು. ಬಿಡಿ ಸರಕನ್ನು ತುಂಬಲು ಟನ್ನಿಗೆ 5 ಡಾಲರು 83 ಸೆಂಟು ತಗಲುತ್ತಿದ್ದ ಕಡೆ ಪೆಟ್ಟಿಗೆಯಿಂದ ಸುಮಾರು 16 ಸೆಂಟು ಸಾಕಾಯಿತು. ರೇವಿನ ಕೂಲಿಗಳ ಕೇರಿಗಳು ಬರಿದಾದುವು. ಹಡಗು ವಾರಗಟ್ಟಲೆ ತಂಗುತ್ತಿದ್ದ ರೇವಿನಲ್ಲಿ ಈಗ ಒಂದೆರಡು ದಿನವೂ ನಿಲ್ಲುವುದಿಲ್ಲ. ಆದಕಾರಣ ಲೋಕವನ್ನು ಸುತ್ತುವ ನಾವಿಕನು ಲೋಕವನ್ನು ಕಾಣುವುದಿಲ್ಲ. ಊರಿನ ದೀಪಗಳನ್ನು ಮಾತ್ರ ಕಾಣುವನು. ಇಪ್ಪತ್ತು ಸಾವಿರ ಪೆಟ್ಟಿಗೆ ಹೊರುವ ಹಡಗಿನಲ್ಲಿ ಆಳುಗಳು ಇಪ್ಪತ್ತೈದರ ಒಳಗೆ. ಲೋಕದ ಸರಕಿನಲ್ಲಿ ತೂಕದ ಮೇರೆಗೆ ನೂರಕ್ಕೆ 80 ಪಾಲಿಗಿಂತ ಹೆಚ್ಚು ಸಮುದ್ರದ ಮೇಲೆಯೇ ಸಾಗುವುದು. ಅದನ್ನು ಸಾಗಿಸುವವರು, 2021ರ ಗಣನೆಯಂತೆ, ಸುಮಾರು 19 ಲಕ್ಷ ಮಂದಿ. ಫಿಲಿಪೈನ್ಸ್, ರಷ್ಯ, ಇಂಡೊನೇಷ್ಯ, ಚೀನ, ಭಾರತ, ಈ ಐದು ದೇಶಗಳವರೇ ಅವರಲ್ಲಿ ಹೆಚ್ಚು. ಲಸ್ಕರನ ಮೊಮ್ಮಗನು ಈಗ ಎಂಜಿನಿಯರನಾಗಿಯೂ ಕಪ್ತಾನನಾಗಿಯೂ ಇರುವನೆಂಬುದನ್ನು ಹೇಳದಿದ್ದರೆ ಅನ್ಯಾಯವಾದೀತು. 1927ರಲ್ಲಿ ಮುಂಬಯಿಯಲ್ಲಿ ‘ಡಫರಿನ್’ ಎಂಬ ಹಡಗಿನಲ್ಲಿ ತೆರೆದ ಶಾಲೆಯಿಂದ ಮೊದಲುಗೊಂಡ ದಾರಿ ಅದು.

ಶಾಸನಗಳೂ ಬಂದಿವೆ. 1920ರಲ್ಲಿ ಜಿನೋವಾ ನಗರದಲ್ಲಿ ಕೂಡಿದ ಅಂತರರಾಷ್ಟ್ರೀಯ ಕಾರ್ಮಿಕ ಸಮ್ಮೇಳನದಲ್ಲಿ ನಾವಿಕರಿಗೆ ಎಂಟು ತಾಸಿನ ದಿನವೆಂಬ ಸೂಚನೆ ಅತ್ಯಲ್ಪ ಮತಗಳ ಕೊರತೆಯಿಂದ ಬಿದ್ದುಹೋಯಿತು. ಹಡಗಿನ ಕೆಲಸ ಕೊಡಿಸಲು ಆಳಿನಿಂದ ಹಣ ಕೀಳಬಾರದೆಂಬುದು ಮಾತ್ರ ಗೆದ್ದಿತು. ಬಿಡಿಬಿಡಿಯಾದ ಇಂಥ ಒಡಂಬಡಿಕೆಗಳನ್ನೆಲ್ಲ ಒಟ್ಟುಗೂಡಿಸಿ 2006ರಲ್ಲಿ ರಚಿಸಿದ ಕಡಲ ಕಾರ್ಮಿಕ ಒಡಂಬಡಿಕೆ 2013ರಲ್ಲಿ ಜಾರಿಗೆ ಬಂದಿತು. ಭಾರತವು 2015ರಲ್ಲಿ ಒಪ್ಪಿತು. ಒಬ್ಬನನ್ನು ಹನ್ನೊಂದು ತಿಂಗಳಿಗಿಂತ ಹೆಚ್ಚು ಹಡಗಿನಲ್ಲಿ ಇಟ್ಟುಕೊಳ್ಳತಕ್ಕದ್ದಲ್ಲವೆಂದು ಅದರ ಭಾವ. 2020ರಲ್ಲಿ ಕೊರೋನಾ ವ್ಯಾಧಿ ಹರಡಿದಾಗ ದೇಶದೇಶಗಳು ರೇವಿನ ಬಾಗಿಲನ್ನು ಮುಚ್ಚಿದವು. ಸರಕನ್ನು ಇಳಿಸಿಕೊಂಡವು, ಆಳನ್ನು ಇಳಿಯಗೊಡಲಿಲ್ಲ. ಆ ವರ್ಷದ ಕೊನೆಗೆ ಕರಾರು ತೀರಿದ್ದರೂ ಹಡಗಿನಲ್ಲಿಯೇ ಉಳಿದವರು ಸುಮಾರು ನಾಲ್ಕು ಲಕ್ಷ.

‘ಎವರ್ ಗಿವನ್’ ಹಡಗಿನ ಸುದ್ದಿ ಲೋಕವನ್ನೆಲ್ಲ ತುಂಬಿದ್ದ ಆ ವಾರದಲ್ಲಿಯೇ, ಸೂಯೆಜ್ ಊರಿನ ಹತ್ತಿರ ‘ಅಮಾನ್’ ಎಂಬ ಮತ್ತೊಂದು ಹಡಗು ನಿಂತಿದ್ದಿತು. ಸುರಕ್ಷತೆಯ ಪ್ರಮಾಣಪತ್ರಗಳ ಅವಧಿ ತೀರಿದ್ದಿತೆಂದು 2017ರಲ್ಲಿ ಅದನ್ನು ತಡೆಹಿಡಿದಿದ್ದರು. ನ್ಯಾಯಾಲಯವು ಸಿರಿಯಾ ದೇಶದ ಒಬ್ಬ ನಾವಿಕನನ್ನು ಹಡಗಿನ ಪಾಲಕನೆಂದು ನೇಮಿಸಿದುದರಿಂದ ಅವನು ಅದನ್ನು ಬಿಟ್ಟು ಹೋಗುವಂತಿರಲಿಲ್ಲ. ಉಳಿದವರು ಒಬ್ಬೊಬ್ಬರಾಗಿ ಮನೆಗೆ ಹೋದರು, ಒಡೆಯರು ಕೈಬಿಟ್ಟರು, ದೀಪಕ್ಕೆ ಎಣ್ಣೆ ಇಲ್ಲವಾಯಿತು. ಅವನೊಬ್ಬನೇ ಉಳಿದನು. ಫೋನಿಗೆ ವಿದ್ಯುತ್ತನ್ನು ತುಂಬಿಕೊಳ್ಳುವುದಕ್ಕೂ ಅನ್ನ ತರುವುದಕ್ಕೂ ದಡಕ್ಕೆ ಈಜಿ ಹೋಗುತ್ತಿದ್ದನು. ಕಾಲುವೆಗೆ ಹೋಗುವ ಹಡಗುಗಳು ಅವನ ಕಣ್ಣೆದುರಿಗೇ ಹಾದುಹೋಗುತ್ತಿದ್ದುವು. ಸುಮಾರು ನಾಲ್ಕು ವರ್ಷಗಳಾದ ಮೇಲೆ, 2021ರ ಏಪ್ರಿಲಿನಲ್ಲಿ, ಅವನನ್ನು ವಿಮಾನ ಹತ್ತಿಸಿ ಊರಿಗೆ ಕಳುಹಿಸಿದರು. ಆ ದಿನ ‘ಎವರ್ ಗಿವನ್’ ಇನ್ನೂ ಕಹಿ ಸರೋವರದಲ್ಲಿಯೇ ಇದ್ದಿತು.